ಹೂಂಗುಟ್ಟುವವರಿಲ್ಲದ ಕತೆ

ದಲಿತ ವಿಮರ್ಶೆಯ ಈ ವಿಶೇಷ ಸಂಚಿಕೆಗೆ ಪಾಡ್‌ಕಾಸ್ಟ್ ಬಗ್ಗೆ ಬರೆಯುತ್ತೇನೆ ಅಂದಾಗ ಸಂಪಾದಕ ಗೆಳೆಯರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ‘ಅದು ನಮ್ಮ ಪ್ರಶ್ನೇನಾ?’ ಅಂತ ಕೇಳಿದರು. ನ್ಯಾಯವಾದ ಅನುಮಾನವೇ. ಮಲಗುಂಡಿಗಿಳಿದವರು ಹೆಣವಾಗಿ ಮೇಲೆ ಬರುತ್ತಿರುವ ದಿನಗಳಲ್ಲಿ, ಒಳಮೀಸಲಾತಿಯ ಜಗಳ ಮನೆಮನೆಯೊಳಗೆ ನುಗ್ಗಿರುವ ಹೊತ್ತಿನಲ್ಲಿ, ಯಾರೋ ಅಮೆರಿಕದವನು ಐದಾರು ಗಂಟೆ ಕೂತು ಹೇಳುವ ಯುದ್ಧದ ಕತೆಯನ್ನು ಕಿವಿಗೆ ಸಿಕ್ಕಿಸಿಕೊಂಡು ಕೇಳುವುದು ವಿಮರ್ಶೆಯ ವಿಷಯ ಹೇಗಾದೀತು? ಆದರೆ ಕೇಳುತ್ತಿರುವವರು ಯಾರು ಅನ್ನೋದನ್ನು ನೋಡಿದರೆ ಪ್ರಶ್ನೆ ನಮ್ಮ ಬಾಗಿಲಿಗೇ ಬರುತ್ತದೆ. ರಾತ್ರಿಪಾಳಿಯ ಕಾವಲುಗಾರ ಹುಡುಗ, ಕ್ಯಾಬ್ ಓಡಿಸುವವನು, ಹಾಸ್ಟೆಲ್ಲಿನಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿರುವ ಹುಡುಗಿ, ಇಂಥವರನ್ನು ಮಾತಾಡಿಸಿದ್ದೇನೆ. ಇಂಗ್ಲಿಷು ಪೂರ್ತಿ ಅರ್ಥವಾಗದಿದ್ದರೂ ಕೇಳ್ತಾರೆ. ‘ಪುಸ್ತಕ ಹಿಡಿದ್ರೆ ನಿದ್ದೆ ಬರುತ್ತೆ ಸಾರ್, ಇದು ಬಂದ ನಿದ್ದೇನ ಓಡಿಸುತ್ತೆ’ ಅಂದ ಒಬ್ಬ ಎಂ.ಎ. ವಿದ್ಯಾರ್ಥಿ. ನಿದ್ದೆ ಓಡಿಸುವ ಚರಿತ್ರೆ ಯಾವುದು, ಅದನ್ನು ಹೇಳುವ ಹಕ್ಕು ಯಾರಿಗಿದೆ, ಅದರಲ್ಲಿ ನಮ್ಮವರ ಸದ್ದು ಎಲ್ಲಿದೆ? ಇವು ನಮ್ಮ ಪ್ರಶ್ನೆಗಳಲ್ಲವೆ?

ಇನ್ನೊಂದು ಕಾರಣವೂ ಇದೆ. 1973ರಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬೂಸಾವೇ ಹೆಚ್ಚು ಅಂದಲ್ಲಿಂದ ಇವತ್ತಿನವರೆಗೆ ನಮ್ಮ ಜಗಳ ನಡೆದಿರುವುದು ಬಹುಪಾಲು ಬರಹದ ಮೇಲೆ. ಯಾರು ಬರೆದರು, ಯಾರನ್ನು ಬಿಟ್ಟು ಬರೆದರು, ಯಾರ ಭಾಷೆಯಲ್ಲಿ ಬರೆದರು ಎಂದು ಕೇಳುತ್ತ ಬಂದೆವು. ಕೇಳಿಸಿಕೊಳ್ಳುವುದನ್ನು ಮಾತ್ರ ಜಾನಪದ ವಿಭಾಗದ ಮೇಷ್ಟ್ರುಗಳಿಗೆ ಬಿಟ್ಟುಕೊಟ್ಟೆವು. ಅವರು ಅದನ್ನು ಟೇಪು ಮಾಡಿ, ಅಚ್ಚು ಹಾಕಿ, ಕಪಾಟಿನಲ್ಲಿಟ್ಟು ‘ಮಹಾಕಾವ್ಯ’ ಅಂತ ಹಣೆಪಟ್ಟಿ ಹಚ್ಚಿದರು. ಅವರ ಶ್ರಮ ದೊಡ್ಡದು, ಅದನ್ನು ಹಗುರ ಮಾಡುತ್ತಿಲ್ಲ. ಆದರೆ ಕತೆ ಹೇಳುವ, ಕತೆ ಕೇಳುವ ಕ್ರಿಯೆ ಒಂದು ರಾಜಕಾರಣ ಅನ್ನುವ ಮಾತು ಆ ಕಪಾಟಿನೊಳಗೇ ಉಳಿದುಹೋಯಿತು.

ಮೊದಲು ವಸ್ತು ಏನು ಅಂತ ನೋಡೋಣ. ಡ್ಯಾನ್ ಕಾರ್ಲಿನ್ ಅನ್ನುವ ಅಮೆರಿಕದ ರೇಡಿಯೋ ಮಾತುಗಾರ 2006ರಲ್ಲಿ ‘ಹಾರ್ಡ್‌ಕೋರ್ ಹಿಸ್ಟರಿ’ ಶುರು ಮಾಡಿದ. ಮೊದಮೊದಲು ಚಿಕ್ಕ ಕಂತುಗಳು. ಬರಬರುತ್ತ ಒಂದೊಂದು ಕಂತು ಮೂರು, ನಾಲ್ಕು, ಐದು ಗಂಟೆ ದಾಟಿತು. ಮೊದಲ ಮಹಾಯುದ್ಧದ ಮೇಲೆ ಅವನು 2013ರಿಂದ 2015ರವರೆಗೆ ಹೇಳಿದ ಆರು ಕಂತುಗಳನ್ನು ಕೂಡಿಸಿದರೆ ಇಪ್ಪತ್ತು ಗಂಟೆಗೂ ಮಿಕ್ಕುತ್ತದೆ. ಜನರಿಗೆ ಪುರಸೊತ್ತಿಲ್ಲ, ಎಲ್ಲ ಚುಟುಕಾಗಬೇಕು ಎಂದು ಪತ್ರಿಕೆಯವರೂ ಟೀವಿಯವರೂ ಹಾಡುತ್ತಿದ್ದ ವರ್ಷಗಳಲ್ಲೇ ಈ ಮನುಷ್ಯ ಚಿತ್ರವಿಲ್ಲದೆ, ನಾಟಕವಿಲ್ಲದೆ ಬರಿಯ ದನಿಯ ಮೇಲೆ ಲಕ್ಷಾಂತರ ಜನರನ್ನು ಕೂರಿಸಿದ. ಹೊಸ ಕಂತು ಬಿಟ್ಟಿ. ಹಳೆಯದಾದರೆ ಕಾಸು ಕೊಟ್ಟು ಕೊಳ್ಳಬೇಕು. ಸಂತೆಯ ಲೆಕ್ಕಾಚಾರವೂ ಚೆನ್ನಾಗಿ ಗೊತ್ತಿರುವವನೇ.

ಅವನ ರೀತಿಯಲ್ಲಿ ಎರಡು ಲಕ್ಷಣಗಳನ್ನು ಗುರುತಿಸುತ್ತೇನೆ. ‘ನಾನು ಚರಿತ್ರಕಾರನಲ್ಲ, ಚರಿತ್ರೆಯ ಹುಚ್ಚಿರುವವನು ಅಷ್ಟೆ’ ಎಂಬರ್ಥದ ಮಾತನ್ನು ಅವನು ಮತ್ತೆ ಮತ್ತೆ ಹೇಳುತ್ತಾನೆ. ಮತ್ತು ಯಾವ ಪುಸ್ತಕದಿಂದ ಓದಿದರೂ ‘ಇಲ್ಲಿಂದ ಅವರ ಮಾತು’, ‘ಇಲ್ಲಿಗೆ ಅವರ ಮಾತು ಮುಗಿಯಿತು’ ಎಂದು ದನಿ ಬದಲಿಸಿ ಸಾರುತ್ತಾನೆ. ಹೊಲಿಗೆ ಎಲ್ಲಿದೆ ಅಂತ ಕಿವಿಗೆ ಗೊತ್ತಾಗುತ್ತದೆ. ಇದು ನನಗೆ ಇಷ್ಟ. ನಮ್ಮ ಎಷ್ಟೋ ವಿದ್ವಾಂಸರ ಬರಹದಲ್ಲಿ ಎರವಲು ಎಲ್ಲಿ ಮುಗಿಯಿತು, ಸ್ವಂತದ್ದು ಎಲ್ಲಿ ಶುರುವಾಯಿತು ಅನ್ನುವುದು ಅವರ ಹೆಂಡತಿಗೂ ಗೊತ್ತಾಗುವುದಿಲ್ಲ!

ಆದರೆ ಜನ ಕೇಳುವುದು ಮಾಹಿತಿಗಾಗಿ ಅಂತ ನಾನು ನಂಬುವುದಿಲ್ಲ. ಮಾಹಿತಿ ಬೇಕಾದರೆ ಹತ್ತು ನಿಮಿಷ ಸಾಕು. ಐದು ಗಂಟೆ ಕೇಳುವವನಿಗೆ ಬೇಕಾಗಿರುವುದು ಇನ್ನೊಬ್ಬ ಮನುಷ್ಯ ತನಗಾಗಿ ಕೊಡುವ ಹೊತ್ತು. ಅವಸರವಿಲ್ಲದೆ, ಬಂದ ದಾರಿಗೇ ಮತ್ತೆ ಬಂದು, ‘ಆಗ ಹೇಳಿದ್ನಲ್ಲ’ ಅಂತ ನೆನಪು ಮಾಡಿ, ಕೈಹಿಡಿದು ನಡೆಸುವ ದನಿ. ಇದನ್ನು ಅನುಭವಿಸಿದವರಿಗೆ ಹೊಸದಾಗಿ ಹೇಳಬೇಕಾಗಿಲ್ಲ.

ಮಳವಳ್ಳಿ, ಕೊಳ್ಳೇಗಾಲದ ಕಡೆ ನೀಲಗಾರರ ಕತೆ ಕೇಳಿ ಬೆಳೆದವರು ಇದನ್ನು ಹೊಸ ಕಾಲದ ಅದ್ಭುತ ಅಂದುಕೊಳ್ಳುವುದು ಸಾಧ್ಯವಿಲ್ಲ. ತಂಬೂರಿ ಹಿಡಿದು ಕೂತರೆ ರಾತ್ರಿ ಬೆಳಗಾಗುತ್ತಿತ್ತು, ಕತೆ ಮುಗಿಯುತ್ತಿರಲಿಲ್ಲ. ಮಂಟೇಸ್ವಾಮಿ ಕಲ್ಯಾಣದ ಬಾಗಿಲಿಗೆ ಬರುವ ಸಾಲನ್ನೇ ತೆಗೆದುಕೊಳ್ಳಿ. ಸಮಾನತೆಯ ಪಟ್ಟಣ ಅಂತ ಹೆಸರಾದ ಊರಿಗೆ ಅವರು ಬರುವುದು ಕೊಳೆತು ನಾರುವ ರೂಪದಲ್ಲಿ. ಬಾಗಿಲು ತೆರೆಯುವುದಿಲ್ಲ. ಅವರು ತಿಪ್ಪೆಯ ಮೇಲೆ ಕೂರುತ್ತಾರೆ. ಈ ಒಂದು ಸಂಗತಿಯನ್ನು ಒಂದು ವಾಕ್ಯದಲ್ಲಿ ಹೇಳಿ ಮುಗಿಸಬಹುದು, ನಾನೀಗ ಮುಗಿಸಿದ ಹಾಗೆ. ಆದರೆ ನೀಲಗಾರ ಹಾಗೆ ಮುಗಿಸುವುದಿಲ್ಲ. ಒಬ್ಬೊಬ್ಬ ಶರಣ ಮೂಗು ಮುಚ್ಚಿಕೊಳ್ಳುವುದನ್ನು, ಒಬ್ಬೊಬ್ಬ ಹೇಳುವ ನೆವವನ್ನು ಎಳೆಎಳೆಯಾಗಿ ಹೇಳುತ್ತಾನೆ. ಆ ಉದ್ದವೇ ವಾದ. ಹೊರಗೆ ಕಾಯುವುದು ಎಷ್ಟು ಹೊತ್ತು ಅನ್ನುವುದನ್ನು ಕಾಯಿಸಿಯೇ ತಿಳಿಸಬೇಕು. ಹನ್ನೆರಡನೆಯ ಶತಮಾನದ ಚಳವಳಿಯನ್ನು ತಿಪ್ಪೆಯ ಮೇಲಿಂದ ನೋಡಿ ಮಾಡಿದ ವಿಮರ್ಶೆ ಇದು. ಇದನ್ನು ಕೇಳಿ ಬೆಳೆದವರು ವಿಮರ್ಶೆ ಕಲಿಯಲಿಕ್ಕೆ ಯೂರೋಪಿಗೆ ಹೋಗಬೇಕಾಗಿರಲಿಲ್ಲ.

ಜಾನಪದ ಅಂದಕೂಡಲೆ ಕುಣಿಯುವ ಪೈಕಿ ನಾನಲ್ಲ. ನೀಲಗಾರರ ಕತೆಯಲ್ಲೂ ಹೆಂಗಸರನ್ನು ಗೋಳಾಡಿಸುವ ಭಾಗಗಳಿವೆ, ಪವಾಡದ ಅಬ್ಬರವಿದೆ, ಗುರುವಿಗೆ ಅಡ್ಡಬೀಳುವ ಹುಚ್ಚಿದೆ. ನನಗೆ ಮುಖ್ಯವಾದದ್ದು ಬೇರೆ. ಅಲ್ಲಿ ಹಿಮ್ಮೇಳವಿತ್ತು. ಎದುರಿಗೆ ಹೂಂಗುಟ್ಟುವವರಿದ್ದರು. ಹೂಂಗುಟ್ಟುವವನು ಬರೀ ತಲೆಯಾಡಿಸುವವನಲ್ಲ. ಅವನ ಹೂಂ ನಿಂತರೆ ಕತೆ ನಿಲ್ಲುತ್ತದೆ. ಅವನು ತೂಕಡಿಸಿದರೆ ಹೇಳುವವನಿಗೆ ಗೊತ್ತಾಗುತ್ತದೆ, ‘ಅದು ಹಂಗಲ್ಲ ಕಣಪ್ಪೋ’ ಅಂತ ಮುದುಕಿಯೊಬ್ಬಳು ಮೂಲೆಯಿಂದ ಕೂಗಬಹುದು. ಕಾರ್ಲಿನ್‌ನ ಕೋಣೆಯಲ್ಲಿ ಇಂಥ ಮುದುಕಿಯಿಲ್ಲ. ಅವನು ಒಬ್ಬನೇ, ಕೇಳುವವನೂ ಒಬ್ಬನೇ. ಲಕ್ಷಾಂತರ ಜನ, ಆದರೆ ಪ್ರತಿಯೊಬ್ಬನೂ ಒಬ್ಬನೇ.

ಇದರಿಂದ ಏನಾಗುತ್ತದೆ? 2022ರಲ್ಲಿ ಕಾರ್ಲಿನ್ ಅಟ್ಲಾಂಟಿಕ್ ಗುಲಾಮಗಿರಿಯ ಮೇಲೆ ಒಂದು ಕಂತು ಮಾಡಿದ. ‘ಹ್ಯೂಮನ್ ರಿಸೋರ್ಸಸ್’ ಅಂತ ಹೆಸರು, ಅಂದರೆ ಕಂಪನಿಗಳಲ್ಲಿ ಕೆಲಸಗಾರರನ್ನು ನೋಡಿಕೊಳ್ಳುವ ವಿಭಾಗಕ್ಕೆ ಇಡುವ ಹೆಸರೇ. ವ್ಯಂಗ್ಯ ಚುರುಕಾಗಿದೆ. ಐದೂವರೆ ಗಂಟೆಗೂ ಮಿಕ್ಕಿದ ಈ ಕಂತನ್ನು ಎರಡು ಸಲ ಕೇಳಿದ್ದೇನೆ. ಹಿಂಸೆಯನ್ನು ಮುಚ್ಚಿಡುವುದಿಲ್ಲ, ಅದನ್ನು ನಡೆಸಿದ ಮಾರುಕಟ್ಟೆಯನ್ನೂ ಮರೆಸುವುದಿಲ್ಲ. ಆದರೆ ಅವನ ಎಲ್ಲ ಕಥನಗಳಲ್ಲೂ ಒಂದು ಅಭ್ಯಾಸವಿದೆ: ಕೇಳುವವನನ್ನು ‘ನೀವು ಅಲ್ಲಿದ್ದಿದ್ದರೆ’ ಎಂದು ಕರೆದು ನಿಲ್ಲಿಸುವುದು. ಕಂದಕದಲ್ಲಿ ಸೈನಿಕನಾಗಿ, ಮಂಗೋಲರ ದಾಳಿಗೆ ಸಿಕ್ಕ ಊರಿನವನಾಗಿ ನಿಮ್ಮನ್ನು ಊಹಿಸಿಕೊಳ್ಳಿ ಅನ್ನುವುದು. ಈ ‘ನೀವು’ ಯಾರು? ಅದು ತಾನು ಎಂದೂ ಮಾರಾಟವಾಗಿಲ್ಲದ, ಮುಟ್ಟಿಸಿಕೊಳ್ಳದೆ ಉಳಿದಿಲ್ಲದ ಒಬ್ಬ ಮನುಷ್ಯ. ಸ್ವತಂತ್ರನಾಗಿ ಹುಟ್ಟಿದವನು ಸ್ವಲ್ಪ ಹೊತ್ತು ಬಂಧನವನ್ನು ಕಲ್ಪಿಸಿಕೊಂಡು, ನಡುಗಿ, ಇಯರ್‌ಫೋನ್ ತೆಗೆದಿಟ್ಟು ಊಟಕ್ಕೆ ಏಳುವವನು. ನಡುಗುವುದು ಒಳ್ಳೆಯದೇ. ಆದರೆ ಅವನ ನಡುಕಕ್ಕೋಸ್ಕರ ಹಡಗಿನ ತಳದಲ್ಲಿ ಮಲಗಿಸಿದ ಮನುಷ್ಯರು ಎರಡನೇ ಸಲ ಸರಕಾಗುತ್ತಾರೇನೋ ಅನ್ನುವ ಭಯ ನನ್ನದು.

ನಮ್ಮ ಕೇರಿಯ ಹುಡುಗ ಇದನ್ನು ಕೇಳುವಾಗ ಆಗುವುದೇ ಬೇರೆ. ಅವನಿಗೆ ‘ಕಲ್ಪಿಸಿಕೋ’ ಅನ್ನಬೇಕಾಗಿಲ್ಲ. ಲೋಟ ಬೇರೆ ಇಟ್ಟಿದ್ದನ್ನು ಕಂಡವನು, ಬಾಡಿಗೆ ಮನೆ ಕೇಳಿದಾಗ ‘ನೀವು ಯಾವ ಪೈಕಿ?’ ಅನ್ನಿಸಿಕೊಂಡವನು. ಗುಲಾಮಗಿರಿಯೂ ಅಸ್ಪೃಶ್ಯತೆಯೂ ಒಂದೇ ಅಂತ ನಾನು ಹೇಳುತ್ತಿಲ್ಲ. ಅಂಬೇಡ್ಕರ್ ಇವೆರಡನ್ನು ಹೋಲಿಸಿ, ಒಂದೇ ಅನ್ನದೆ ವಿವರವಾಗಿ ಬರೆದಿದ್ದಾರೆ. ಆದರೆ ಆ ಹುಡುಗನ ಕಿವಿಗೆ ಬೀಳುವ ‘ನೀವು’ ಅವನನ್ನು ಕರೆಯುತ್ತಿಲ್ಲ. ಅವನು ಪಕ್ಕದ ಕೋಣೆಯಲ್ಲಿ ನಿಂತು ಇನ್ನೊಬ್ಬರಿಗೆ ಹೇಳುತ್ತಿರುವ ಕತೆ ಕೇಳಿಸಿಕೊಳ್ಳುತ್ತಿದ್ದಾನೆ. ಪುರಾಣ ಪ್ರವಚನವನ್ನು ಹೊರಗಿನ ಕಟ್ಟೆಯಿಂದ ಕೇಳಿದ ನಮ್ಮ ಅಜ್ಜಂದಿರ ಹಾಗೆ.

ಇಲ್ಲಿ ಒಂದು ಪುಸ್ತಕದ ಮಾತಾಡಬೇಕು, ಪಾಡ್‌ಕಾಸ್ಟ್ ಅಲ್ಲ. ಆದರೆ ನನ್ನ ಪಾಲಿಗೆ ದೀರ್ಘ ಕಥನ ಅಂದರೆ ಏನು ಅನ್ನುವುದು ಅದರಿಂದಲೇ ತಿಳಿದದ್ದು. 1927ರಲ್ಲಿ ಜೋರಾ ನೀಲ್ ಹರ್ಸ್ಟನ್ ಎಂಬ ಕಪ್ಪು ಹೆಣ್ಣುಮಗಳು ಅಲಬಾಮಾದ ಮೊಬೀಲ್ ಹತ್ತಿರದ ಆಫ್ರಿಕಾಟೌನಿಗೆ ಹೋಗಿ ಕೊಸ್ಸೋಲ ಎಂಬ ಮುದುಕನನ್ನು ಕಂಡಳು. ಅಲ್ಲಿಯವರು ಅವನನ್ನು ಕಡ್ಜೋ ಲೂಯಿಸ್ ಅನ್ನುತ್ತಿದ್ದರು. ಗುಲಾಮರನ್ನು ಹೊರಗಿನಿಂದ ತರುವುದನ್ನು ಅಮೆರಿಕ 1808ರಲ್ಲೇ ನಿಷೇಧಿಸಿತ್ತು; ಆದರೂ 1860ರಲ್ಲಿ ಕ್ಲೊಟಿಲ್ಡಾ ಎಂಬ ಹಡಗು ಕದ್ದುಮುಚ್ಚಿ ನೂರಕ್ಕೂ ಹೆಚ್ಚು ಜನರನ್ನು ತಂದು ಇಳಿಸಿತು. ಅದರಲ್ಲಿ ಬಂದವನು ಕೊಸ್ಸೋಲ, ಆಗ ಹತ್ತೊಂಬತ್ತರ ಹುಡುಗ. 1865ರಲ್ಲಿ ಬಿಡುಗಡೆಯಾದ ಮೇಲೆ ಇವರೆಲ್ಲ ಊರಿಗೆ ಮರಳಲು ದುಡ್ಡು ಕೂಡಿಸಲು ಹೊರಟರು, ಸಾಲಲಿಲ್ಲ. ತಂದವನ ಹತ್ತಿರವೇ ಹೋಗಿ ಒಂದಿಷ್ಟು ಭೂಮಿ ಕೇಳಿದರು, ಕೊಡಲಿಲ್ಲ. ಕೊನೆಗೆ ದುಡಿದು, ಕೊಂಡು, ತಮ್ಮದೇ ಊರು ಕಟ್ಟಿಕೊಂಡರು.

ಹರ್ಸ್ಟನ್ ತಿಂಗಳುಗಟ್ಟಲೆ ಅವನ ಮನೆಗೆ ಅಲೆದಳು. ಪೀಚ್ ಹಣ್ಣು ತಂದಳು, ಹಂದಿಮಾಂಸ ತಂದಳು, ಜತೆಯಲ್ಲಿ ಕೂತು ಕಲ್ಲಂಗಡಿ ತಿಂದಳು. ಕೆಲವು ದಿನ ಅವನು ಮಾತಾಡಲೇ ಇಲ್ಲ. ತೋಟದ ಕೆಲಸವಿದೆ, ಹೋಗು ಅಂದ. ಅವಳು ಹೋದಳು, ಮತ್ತೆ ಬಂದಳು. ಇದೆಲ್ಲ ಪುಸ್ತಕದಲ್ಲೇ ಇದೆ, ಹೂಂಗುಟ್ಟುವವಳು ಪುಟದ ಮೇಲೇ ಇದ್ದಾಳೆ. ಅವಳಿಗೆ ಅವನ ಕತೆ ಬೇಕು, ಅವನೋ ಅಜ್ಜನಿಂದ ಶುರು ಮಾಡುತ್ತಾನೆ. ನಿನ್ನದನ್ನು ಹೇಳು ಅಂದರೆ, ಅಪ್ಪನನ್ನೂ ಅಜ್ಜನನ್ನೂ ಹೇಳದೆ ಮಗನನ್ನು ಹೇಗೆ ಹೇಳೋದು ಎಂಬಂಥ ಉತ್ತರ. ನಾನು ಇಲ್ಲಿ ಪುಸ್ತಕ ಮುಚ್ಚಿಟ್ಟು ಸುಮಾರು ಹೊತ್ತು ಕೂತೆ. ಹಡಗಿಗೆ ಹತ್ತಿಸುವಾಗ ಬಟ್ಟೆ ಕಿತ್ತುಕೊಂಡರು, ಇಳಿಸಿದ ಮೇಲೆ ಹೆಸರು ಕಿತ್ತುಕೊಂಡರು. ಅಂಥವನು ಕತೆ ಹೇಳಲು ಕೂತಾಗ ಅಜ್ಜನಿಂದ ತೊಡಗುವುದು ಶೈಲಿಯ ಮಾತಲ್ಲ, ಹಕ್ಕಿನ ಮಾತು. ನನಗೂ ಒಂದು ವಂಶವಿದೆ ಅನ್ನುವುದು. ಕತೆ ಉದ್ದವಾದದ್ದು ಅದಕ್ಕೆ. ನಮ್ಮ ನೀಲಗಾರ ಗುರುಪರಂಪರೆಯನ್ನೆಲ್ಲ ನೆನೆದು, ನೆಲವನ್ನು ನೆನೆದು, ಆಮೇಲೆ ಕತೆಗಿಳಿಯುವಾಗ ನಾವು ‘ಪೀಠಿಕೆ ಜಾಸ್ತಿಯಾಯ್ತು’ ಅಂದುಕೊಳ್ಳುತ್ತೇವಲ್ಲ, ಅದರೊಳಗೂ ಈ ಹಟವೇ ಇರಬೇಕು. ಜಾತಕ, ಗೋತ್ರ, ಶಾಸನ ಎಲ್ಲ ಇರುವವನಿಗೆ ಚುಟುಕಾಗಿ ಹೇಳುವುದು ಸುಲಭ. ಅವನದ್ದು ಆಗಲೇ ಕಲ್ಲಿನಲ್ಲಿ ಕೊರೆದಾಗಿದೆ.

ಹರ್ಸ್ಟನ್ ಬರೆದ ಹಸ್ತಪ್ರತಿಯನ್ನು ಪ್ರಕಾಶಕರು ಆಗ ಹಾಕಲಿಲ್ಲ. ಮುದುಕನ ಆಡುಮಾತನ್ನು ತಿದ್ದಿ ಶಿಷ್ಟ ಭಾಷೆಗೆ ತನ್ನಿ ಅಂದರಂತೆ, ಅವಳು ಒಪ್ಪಲಿಲ್ಲ. ‘ಬ್ಯಾರಕೂನ್’ ಎಂಬ ಹೆಸರಿನಲ್ಲಿ ಅದು ಅಚ್ಚಾದದ್ದು 2018ರಲ್ಲಿ. ಕೊಸ್ಸೋಲ 1935ರಲ್ಲೇ ಸತ್ತ, ಹರ್ಸ್ಟನ್ 1960ರಲ್ಲಿ. ಇದನ್ನು ಓದುವಾಗ ನಮ್ಮವರಿಗೆ 1984ರ ‘ಕುಸುಮಬಾಲೆ’ ನೆನಪಾಗದೆ ಇರುತ್ತದೆಯೆ? ದೇವನೂರರ ಆ ಕನ್ನಡ ಅರ್ಥವಾಗುವುದಿಲ್ಲ ಅಂತ ಎಷ್ಟು ಜನ ಪಂಡಿತರು ಗೋಳಾಡಿದರು! ನಂಜನಗೂಡು ಸೀಮೆಯ ಯಾರಾದರೂ ಗಟ್ಟಿಯಾಗಿ ಓದಿದರೆ ಅಕ್ಷರ ಬಾರದ ಹೆಂಗಸೂ ನಗುತ್ತಾಳೆ, ಅಳುತ್ತಾಳೆ. ಅರ್ಥವಾಗದ್ದು ಕಣ್ಣಿಗೆ, ಕಿವಿಗಲ್ಲ.

ಇನ್ನೂ ಒಂದು. ಕೊಸ್ಸೋಲನನ್ನು ಆ ಹಡಗಿನಿಂದ ಬಂದವರಲ್ಲಿ ಕೊನೆಯವರೆಗೆ ಉಳಿದವನು ಅಂತ ಬಹಳ ಕಾಲ ಕರೆಯುತ್ತಿದ್ದರು. ಹನ್ನಾ ಡರ್ಕಿನ್ ಎಂಬ ಸಂಶೋಧಕಿ ಹುಡುಕಿ, ರೆಡೋಷಿ ಎಂಬಾಕೆ 1937ರವರೆಗೂ, ಮಟಿಲ್ಡಾ ಮೆಕ್ರಿಯರ್ ಎಂಬಾಕೆ 1940ರವರೆಗೂ ಬದುಕಿದ್ದರೆಂದು 2019, 2020ರಲ್ಲಿ ತೋರಿಸಿಕೊಟ್ಟಳು. ಹೆಂಗಸರು ಕೊನೆಯವರಾಗುವುದಕ್ಕೂ ಎಂಬತ್ತು ವರ್ಷ ಕಾಯಬೇಕಾಯಿತು.

ಈಗ ಇನ್ನೊಬ್ಬ ಕತೆಗಾರನ ವಿಚಾರ. ಮೈಕ್ ಡಂಕನ್ ಎಂಬವನು 2007ರಿಂದ 2012ರವರೆಗೆ ರೋಮಿನ ಚರಿತ್ರೆಯನ್ನು ವಾರವಾರ ಹೇಳಿ ಹೆಸರಾದ. ಆಮೇಲೆ 2013ರಲ್ಲಿ ‘ರೆವಲ್ಯೂಷನ್ಸ್’ ತೊಡಗಿದ. ಕಾರ್ಲಿನ್‌ನ ಗುಡುಗು ಇವನಲ್ಲಿಲ್ಲ, ಶಾಲೆಯ ಒಳ್ಳೆಯ ಮೇಷ್ಟ್ರ ಹಾಗೆ ಸಣ್ಣ ಸಣ್ಣ ಕಂತು. ಇಂಗ್ಲೆಂಡು, ಅಮೆರಿಕ, ಫ್ರಾನ್ಸ್ ಆದ ಮೇಲೆ ನಾಲ್ಕನೆಯದಾಗಿ ಹೈತಿಯನ್ನು ತೆಗೆದುಕೊಂಡ. ಇದು ಸಣ್ಣ ಮಾತಲ್ಲ. ಗುಲಾಮರೇ ಎದ್ದು ಗೆದ್ದು 1804ರ ಜನವರಿ 1ರಂದು ದೇಶ ಕಟ್ಟಿದ ಆ ಕ್ರಾಂತಿಯನ್ನು ಯೂರೋಪಿನ ಕ್ರಾಂತಿಗಳ ಬಾಲವಾಗಿಸದೆ ಅವುಗಳ ಸಾಲಿನಲ್ಲೇ ಕೂರಿಸಿದ. ಕ್ರಾಂತಿಯ ಆಮೇಲಿನ ಕತೆಯನ್ನೂ ಬಿಡಲಿಲ್ಲ. ಕಳೆದುಕೊಂಡ ‘ಆಸ್ತಿ’ಗೆ, ಅಂದರೆ ಬಿಡುಗಡೆಯಾದ ಮನುಷ್ಯರಿಗೂ ಸೇರಿಸಿ, 1825ರಲ್ಲಿ ಫ್ರಾನ್ಸ್ ಹೈತಿಯ ಮೇಲೆ 15 ಕೋಟಿ ಫ್ರಾಂಕ್ ದಂಡ ಹೇರಿತು. 1838ರಲ್ಲಿ ಅದನ್ನು 9 ಕೋಟಿಗೆ ಇಳಿಸಿದರು. ಬಿಡುಗಡೆಯಾದ ಜೀತದವನೇ ಒಡೆಯನಿಗೆ ಪರಿಹಾರ ಕೊಟ್ಟ ಕತೆ!

ಆದರೂ ಒಂದು ಲೆಕ್ಕ ಕಿವಿಗೆ ಚುಚ್ಚುತ್ತದೆ. ಫ್ರಾನ್ಸಿಗೆ ಐವತ್ತಕ್ಕೂ ಹೆಚ್ಚು ಕಂತು, ರಷ್ಯಕ್ಕೆ ನೂರಕ್ಕೂ ಹೆಚ್ಚು, ಹೈತಿಗೆ ಹತ್ತೊಂಬತ್ತು. ಇದು ಡಂಕನ್‌ನ ಪಕ್ಷಪಾತ ಅನ್ನುವುದು ಸುಲಭ. ಹೈತಿಯವನೇ ಆದ ಮಿಷೆಲ್ ರಾಲ್ಫ್ ತ್ರುಯೋ 1995ರ ‘ಸೈಲೆನ್ಸಿಂಗ್ ದ ಪಾಸ್ಟ್’ನಲ್ಲಿ ಇದಕ್ಕಿಂತ ಆಳದ ಕಾರಣ ಕೊಟ್ಟಿದ್ದಾನೆ. ಮೌನ ಕೊನೆಯಲ್ಲಿ ಕತೆಗಾರ ಮಾಡುವುದಲ್ಲ. ದಾಖಲೆ ಹುಟ್ಟುವಾಗಲೇ, ದಾಖಲೆಯನ್ನು ಜೋಡಿಸಿಡುವಾಗಲೇ ಅದು ಸೇರಿಕೊಂಡಿರುತ್ತದೆ. ಗುಲಾಮರು ಕ್ರಾಂತಿ ಮಾಡಬಲ್ಲರು ಅನ್ನುವುದೇ ಆ ಕಾಲದವರಿಗೆ ಊಹಿಸಲಾಗದ ಸಂಗತಿಯಾಗಿತ್ತು, ನಡೆಯುತ್ತಿರುವಾಗಲೂ ನಂಬಲಿಲ್ಲ. 1791ರ ಆಗಸ್ಟಿನಲ್ಲಿ ಬಂಡಾಯಕ್ಕೆ ಮುಂಚೆ ಬ್ವಾ ಕೈಮಾನ್ ಕಾಡಿನಲ್ಲಿ ನಡೆಯಿತೆನ್ನುವ ಕೂಟವನ್ನು ಮೊದಲು ಅಚ್ಚಿನಲ್ಲಿ ಹೇಳಿದವನು ದಾಲ್ಮಾ ಎಂಬ ಫ್ರೆಂಚ್ ವೈದ್ಯ, 1814ರಲ್ಲಿ. ಅವನು ಗುಲಾಮರ ಕಡೆಯವನಲ್ಲ, ಅವರ ಮೇಲೆ ಕೆಂಡ ಕಾರುವವನು. ಅಂದರೆ ಆ ಬಿಡುಗಡೆಯ ಮೊದಲ ರಾತ್ರಿ ನಮಗೆ ಸಿಗುವುದು ವೈರಿಯ ಬಾಯಿಂದ. ಫ್ರಾನ್ಸಿಗೆ ಐವತ್ತು ಕಂತು ಯಾಕೆ? ಅಲ್ಲಿ ಪ್ರತಿ ಭಾಷಣಕ್ಕೂ ಕಾಗದವಿದೆ. ಕಾಗದವಿದ್ದವನ ಕತೆ ಉದ್ದವಾಗುತ್ತದೆ, ಉದ್ದವಾದ ಕತೆಯೇ ದೊಡ್ಡ ಕತೆ ಅಂತ ಕೇಳುವವನು ನಂಬುತ್ತಾನೆ. ದೀರ್ಘ ಕಥನದ ಆಕರ್ಷಣೆಯೊಳಗೆ ಅಡಗಿ ಕೂತ ಯಜಮಾನಿಕೆ ಇದೇ.

ಡಂಕನ್ 2022ರಲ್ಲಿ ಕ್ರಾಂತಿಗಳನ್ನು ಮುಗಿಸಿ, 2024ರಲ್ಲಿ ಮತ್ತೆ ಶುರು ಮಾಡಿದ. ಈ ಸಲ ಹೇಳಿದ್ದು ಮಂಗಳ ಗ್ರಹದಲ್ಲಿ ನಡೆಯುವ ಕಲ್ಪಿತ ಕ್ರಾಂತಿ! ಮಂಗಳ ಗ್ರಹದವರೆಗೂ ಹೋಗಿ ಬಂದ, ಮಹಾಡದ ಕೆರೆ ದಾರಿಯಲ್ಲಿ ಸಿಗಲಿಲ್ಲ. ಅವನ ಮೇಲೆ ಸಿಟ್ಟಿಲ್ಲ. ಮಹಾಡವನ್ನು ಹೇಳಬೇಕಾದವರು ನಾವು.

ಆದರೆ ನಾವು ಹೇಳಹೊರಟರೆ ಏನಾಗುತ್ತದೆ ಅನ್ನುವುದಕ್ಕೆ ಒಂದು ಉದಾಹರಣೆ ಕಣ್ಣೆದುರಿಗಿದೆ. 2019ರಲ್ಲಿ ನಿಕೋಲ್ ಹ್ಯಾನಾ ಜೋನ್ಸ್ ಎಂಬ ಕಪ್ಪು ಪತ್ರಕರ್ತೆ ನ್ಯೂಯಾರ್ಕ್ ಟೈಮ್ಸಿಗಾಗಿ ‘1619’ ಎಂಬ ಯೋಜನೆಯನ್ನೂ ಅದರ ಜೊತೆ ಪಾಡ್‌ಕಾಸ್ಟನ್ನೂ ಮಾಡಿದಳು. ವರ್ಜೀನಿಯದ ನೀರಿನ ಅಂಚಿನಲ್ಲಿ ನಿಂತು ಹೇಳಲು ತೊಡಗುತ್ತಾಳೆ, ಮನೆಯಂಗಳದಲ್ಲಿ ಬಾವುಟ ಹಾರಿಸುತ್ತಿದ್ದ ತನ್ನ ಅಪ್ಪನನ್ನು ನೆನೆಯುತ್ತಾಳೆ. ಡಿಸೆಂಬರಿನಲ್ಲಿ ಐವರು ಹೆಸರಾಂತ ಚರಿತ್ರಕಾರರು ಪತ್ರ ಬರೆದು ತಪ್ಪು ಎತ್ತಿ ತೋರಿಸಿದರು. ಗುಲಾಮಗಿರಿ ಉಳಿಸಿಕೊಳ್ಳಲು ವಸಾಹತಿನವರು ಸ್ವಾತಂತ್ರ್ಯ ಬಯಸಿದರು ಅನ್ನುವಲ್ಲಿ ‘ಕೆಲವರು’ ಅಂತ 2020ರಲ್ಲಿ ತಿದ್ದಬೇಕಾಯಿತು. ತಿದ್ದಿದ್ದು ಸರಿಯೇ; ನಮ್ಮವರು ಹೇಳಿದ್ದೆಂದು ಆಧಾರದಲ್ಲಿ ರಿಯಾಯಿತಿ ಕೇಳುವುದು ನನಗೆ ಒಪ್ಪಿಗೆಯಿಲ್ಲ. ನಾನು ಕೇಳುವುದು ಇಷ್ಟೆ: ‘ನಾನು ಚರಿತ್ರಕಾರನಲ್ಲ’ ಅನ್ನುವ ಒಂದು ಮಾತಿನಿಂದ ಬಿಳಿಯ ಕತೆಗಾರನಿಗೆ ಸಿಗುವ ಸಲಿಗೆ ಅವಳಿಗೆ ಯಾಕಿಲ್ಲ? ಅವನು ತಪ್ಪಿದರೆ ‘ಪಾಪ, ಕತೆ ಹೇಳ್ತಿದ್ದ’, ಅವಳು ತಪ್ಪಿದರೆ ದೇಶದ್ರೋಹ. ‘ದ ರೆಸ್ಟ್ ಈಸ್ ಹಿಸ್ಟರಿ’ಯಲ್ಲಿ ಇಬ್ಬರು ಇಂಗ್ಲಿಷ್ ಪಂಡಿತರು ಜಗುಲಿಯ ಮೇಲೆ ಕೂತವರ ಹಾಗೆ ನಗುನಗುತ್ತ ಸಾಮ್ರಾಜ್ಯಗಳನ್ನು ಮಾತಾಡುತ್ತಾರೆ, ಸೊಗಸಾಗಿಯೂ ಮಾತಾಡುತ್ತಾರೆ. ಆ ನಗುವಿನ ನಿರಾಳ ನಮಗಿನ್ನೂ ಬಂದಿಲ್ಲ.

ಉದ್ದವೇ ನಂಬಿಕೆ ಹುಟ್ಟಿಸುವುದರಿಂದ ಅಪಾಯವೂ ಇದೆ. ಡ್ಯಾರಿಲ್ ಕೂಪರ್ ಎಂಬವನು ಇಸ್ರೇಲ್, ಪ್ಯಾಲೆಸ್ತೀನ್ ಮೇಲೆ ಗಂಟೆಗಟ್ಟಲೆ ಹೇಳಿ ಕೇಳುಗರನ್ನು ಸಂಪಾದಿಸಿದ. 2024ರಲ್ಲಿ ಒಂದು ಸಂದರ್ಶನಕ್ಕೆ ಕೂತು ಎರಡನೆಯ ಮಹಾಯುದ್ಧದ ಮುಖ್ಯ ಖಳನಾಯಕ ಚರ್ಚಿಲ್ ಅಂದ. ಚರ್ಚಿಲನ ಮೇಲೆ ನಮಗೇನೂ ಪ್ರೀತಿಯಿಲ್ಲ, ಬಂಗಾಳದ ಬರ ಮರೆತಿಲ್ಲ. ಆದರೆ ಹಿಟ್ಲರನ ಪಾಪವನ್ನು ಹಗುರ ಮಾಡುವ ಮಾತನ್ನು ಇಪ್ಪತ್ತು ಗಂಟೆಯ ಸಲಿಗೆಯಿಂದ ನುಂಗಿಸಬಹುದಾದರೆ, ಮನುವಿನ ಪಾಪವನ್ನು ನಲವತ್ತು ಗಂಟೆಯಲ್ಲಿ ತೊಳೆಯುವವರು ನಮ್ಮಲ್ಲೂ ಮೈಕಿನ ಮುಂದೆ ಕೂರುತ್ತಾರೆ. ಮೂಲೆಯಿಂದ ‘ಅದು ಹಂಗಲ್ಲ ಕಣಪ್ಪೋ’ ಅನ್ನುವ ಮುದುಕಿ ಬೇಕಾಗಿರುವುದು ಇಂಥ ಕಡೆಗೆ.

ಮಹಾಡಕ್ಕೆ ಬರುತ್ತೇನೆ. ಹರ್ಸ್ಟನ್ ಕೊಸ್ಸೋಲನ ಜಗುಲಿಯಲ್ಲಿ ಕೂತ ಅದೇ 1927. ನಮ್ಮ ಸಭೆಗಳಲ್ಲಿ ಮಹಾಡ ಅಂದರೆ ಎರಡು ವಾಕ್ಯ: ಬಾಬಾಸಾಹೇಬರು ಚವದಾರ್ ಕೆರೆಯ ನೀರು ಕುಡಿದರು, ಮನುಸ್ಮೃತಿ ಸುಟ್ಟರು. ಜೈಭೀಮ್. ಆದರೆ ಕತೆ ಎಷ್ಟು ಉದ್ದವಿದೆ! 1923ರಲ್ಲಿ ಬೋಳೆಯವರ ಠರಾವು, 1924ರಲ್ಲಿ ಮಹಾಡದ ಪುರಸಭೆ ಕೆರೆಯನ್ನು ಎಲ್ಲರಿಗೂ ತೆರೆದದ್ದು, ಮೂರು ವರ್ಷ ಯಾರೂ ಇಳಿಯಲಾಗದೆ ಅದು ಕಾಗದದಲ್ಲೇ ಉಳಿದದ್ದು. ಮಾರ್ಚ್ 20ರಂದು ನೀರು ಮುಟ್ಟಿದ್ದು, ದೇವಸ್ಥಾನಕ್ಕೂ ನುಗ್ಗುತ್ತಾರಂತೆ ಎಂಬ ಗಾಳಿಸುದ್ದಿ, ಊಟಕ್ಕೆ ಕೂತಿದ್ದವರ ಮೇಲೆ ಬಿದ್ದ ದೊಣ್ಣೆ. ಆಮೇಲೆ ಕೆರೆಗೆ ಪಂಚಗವ್ಯ ಸುರಿದು ಶುದ್ಧಿ. ದನಗಳು ಕುಡಿಯುತ್ತಿದ್ದ ಕೆರೆ ಅದು. ಆಗಸ್ಟಿನಲ್ಲಿ ಪುರಸಭೆ ತನ್ನ ಠರಾವನ್ನೇ ವಾಪಸು ತೆಗೆದುಕೊಂಡಿತು. ಡಿಸೆಂಬರಿನ ಸಮ್ಮೇಳನಕ್ಕೆ ಸವರ್ಣರು ಯಾರೂ ಜಾಗ ಕೊಡದಿದ್ದಾಗ ಫತ್ತೇಖಾನ್ ಎಂಬ ಮುಸ್ಲಿಮರು ತಮ್ಮ ನೆಲ ಕೊಟ್ಟರು. ಅಂಬೇಡ್ಕರರು ಮುಂಬಯಿಯಿಂದ ಪದ್ಮಾವತಿ ಎಂಬ ಹಡಗಿನಲ್ಲಿ ಬಂದು ದಾಸಗಾಂವದಲ್ಲಿ ಇಳಿದು ಅಲ್ಲಿಂದ ನಡೆದರು. ಅಷ್ಟರಲ್ಲಿ ಎದುರಾಳಿಗಳು ಕೋರ್ಟಿನಿಂದ ತಡೆಯಾಜ್ಞೆ ತಂದಿದ್ದರು. ನೀರು ಮುಟ್ಟುವಂತಿಲ್ಲ. ಬಂದ ಸಾವಿರಾರು ಜನರಿಗೆ ಏನು ಹೇಳೋದು? ಆ ರಾತ್ರಿಯ ಚರ್ಚೆಯೊಂದೇ ಒಂದು ಕಂತಿಗೆ ಸಾಕು. ಡಿಸೆಂಬರ್ 25ರಂದು ಮನುಸ್ಮೃತಿಯನ್ನು ಸುಡುವ ಗೊತ್ತುವಳಿ ಮಂಡಿಸಿದವರು ಸಹಸ್ರಬುದ್ಧೆ ಎಂಬ ಬ್ರಾಹ್ಮಣ ಗೆಳೆಯರು. ಅಂಬೇಡ್ಕರರು ತಮ್ಮ ಭಾಷಣದಲ್ಲಿ ಈ ಸಭೆಯನ್ನು 1789ರ ಫ್ರಾನ್ಸಿನ ರಾಷ್ಟ್ರಸಭೆಯ ಪಕ್ಕದಲ್ಲಿಟ್ಟು ಮಾತಾಡಿದರು. ಡಂಕನ್‌ನ ಪಟ್ಟಿಯಲ್ಲಿ ಮಹಾಡ ಇರಬೇಕಾದ ಜಾಗವನ್ನು ಅವರು ಆಗಲೇ ಗುರುತು ಮಾಡಿಟ್ಟಿದ್ದರು.

ಆಮೇಲೆ ಹತ್ತು ವರ್ಷದ ಮೊಕದ್ದಮೆ. ಕೆರೆ ಖಾಸಗಿಯೋ ಸಾರ್ವಜನಿಕವೋ, ಮುಟ್ಟಬಾರದೆಂಬ ರೂಢಿ ಅನಾದಿಯೋ ಅಲ್ಲವೋ? ಇದನ್ನು ಯಾರೂ ಹೇಳುವುದಿಲ್ಲ, ಬೋರು ಅಂತ. 1937ರ ಮಾರ್ಚಿನಲ್ಲಿ ಮುಂಬಯಿ ಹೈಕೋರ್ಟು, ಆ ರೂಢಿ ಅನಾದಿಯೆಂದು ಎದುರಾಳಿಗಳು ಸಾಬೀತು ಮಾಡಿಲ್ಲ ಅಂತ ತೀರ್ಪು ಕೊಟ್ಟಿತು. ತೀರ್ಪಿತ್ತ ಇಬ್ಬರು ನ್ಯಾಯಮೂರ್ತಿಗಳಲ್ಲಿ ಒಬ್ಬರು ಬ್ರೂಮ್‌ಫೀಲ್ಡ್. 1922ರಲ್ಲಿ ಅಹಮದಾಬಾದಿನಲ್ಲಿ ಗಾಂಧಿಗೆ ಆರು ವರ್ಷದ ಶಿಕ್ಷೆ ಕೊಟ್ಟವರು ಇವರೇ. ಇಂಥ ಒಂದು ಎಳೆ ಕಾರ್ಲಿನ್‌ಗೆ ಸಿಕ್ಕಿದ್ದರೆ ಅದನ್ನು ಅರ್ಧ ಗಂಟೆ ಹಿಡಿದು ಆಡಿಸುತ್ತಿದ್ದ. ನಮ್ಮ ಕೈಯಲ್ಲಿ ಅದು ತೊಂಬತ್ತು ವರ್ಷದ ಹತ್ತಿರ ಸುಮ್ಮನೆ ಬಿದ್ದಿದೆ. ಆನಂದ ತೇಲ್ತುಂಬ್ಡೆಯವರು 2016ರಲ್ಲಿ ಮಹಾಡದ ಮೇಲೆ ದೊಡ್ಡ ಪುಸ್ತಕವನ್ನೇ ಬರೆದಿದ್ದಾರೆ. ಆಧಾರವಿಲ್ಲ ಅಂತ ಇನ್ನು ನೆವ ಹೇಳುವ ಹಾಗಿಲ್ಲ.

ಹೇಳುವವರು ಯಾವ ಕನ್ನಡದಲ್ಲಿ ಹೇಳಬೇಕು ಅನ್ನುವ ಜಗಳ ಮಾತ್ರ ಬಾಕಿಯಿದೆ. ಆಕಾಶವಾಣಿಯ ಕನ್ನಡದಲ್ಲಿ ಮಹಾಡ ಹೇಳಿದರೆ ನಾನಂತೂ ಕೇಳಲಾರೆ. ಮತ್ತೆ ಒಬ್ಬನೇ ಕೋಣೆಯಲ್ಲಿ ಕೂತು ಹೇಳುವುದೂ ಬೇಡ. ಹಾಸ್ಟೆಲ್ಲಿನ ಹತ್ತು ಹುಡುಗ ಹುಡುಗಿಯರನ್ನು ಎದುರಿಗೆ ಕೂರಿಸಿಕೊಂಡು ಹೇಳಲಿ. ಅವರ ಕೆಮ್ಮು, ನಗು, ‘ಆಮೇಲೆ?’, ‘ಅದ್ಯಾಕೆ?’ ಎಲ್ಲ ಧ್ವನಿಮುದ್ರಣದಲ್ಲಿ ಉಳಿಯಲಿ, ಯಾರೂ ಕತ್ತರಿಸಬಾರದು. ಮೊದಲ ಕಂತು ಪುರಸಭೆಯ ಆ 1924ರ ಠರಾವಿನಿಂದ ಶುರುವಾಗಬಹುದು. ಅಥವಾ ಅದಕ್ಕೂ ಹಿಂದೆ, ಕೆರೆ ತೋಡಿದವರು ಯಾರು ಅನ್ನುವಲ್ಲಿಂದ.